ಮೊರಗಿವಿ ಎದುರಾದಾಗ

ಖಾನಾಪುರ ದಾಟಿ ಬೀಡಿ ಎಂಬ ಊರಿಗೆ ಹೊರಟಿದ್ದ ನನ್ನ ಸ್ಕೂಟರಿನ ಎದುರು ಕಾಡಾನೆಯೊಂದು ಬಂದು ನಿಂತಿತು. ಕಿವಿಗಳನ್ನು ಮೊರದಂತೆ ಅಗಲಿಸಿ ನಮ್ಮನ್ನೇ ನೋಡುತ್ತಿತ್ತು.

"ಅಲ್ಲಾಡಬ್ಯಾಡ. ಕಿವಿ ಬೀಸಾಕ ಶುರು ಮಾಡಿದ್ರ ಸಿಟ್ಟು ಇಳೀತಂತ ತಿಳಿ," ಎಂದು ಹಿಂದೆ ಕೂತಿದ್ದ ಚಿಕ್ಕಮ್ಮ ಪಿಸುಗುಟ್ಟಿದರು.

ಸ್ವಲ್ಪ ಹೊತ್ತಿಗೆ ಆ ಕಿವಿಗಳು ಅಕ್ಕಿ ಕೇರುವ ಮೊರದ ಹಾಗೆಯೇ ಮೆಲ್ಲಗೆ ಆಡತೊಡಗಿದವು. ಆನೆ ತಿರುಗಿ ಕಾಡಿಗೆ ಹೋಯಿತು.

ಚಿಕ್ಕಮ್ಮ ಉಸಿರು ಬಿಟ್ಟರು. "ಲಗ್ನ ಆದಾಗಿಂದ ನಿಮ್ಮ ಕಾಕಾಗ ಮೊರಗಿವಿ ಅಂತ ಕಾಡ್ತಿದ್ದೆ. ಖರೇ ಮೊರಗಿವಿ ಇವತ್ತ ನೋಡಿದೆ. ಪಾಪ, ಅವರವು ಬರೇ ಕಪ್ಪಿನ ಕೆಳಗಿಡೋ ಚಹಾದ ಬಶಿ."

ಮೊರಗಿವಿ ಎಂಬ ಪದ ಮೊರದ ಅಗಲದಿಂದಷ್ಟೇ ಅಲ್ಲ, ಅದು ಆಡುವ ರೀತಿಯಿಂದಲೂ ಹುಟ್ಟಿರಬೇಕು. ನಾವೆಲ್ಲ ಒಟ್ಟಿಗಿರುವ ಬೆಳಗಾವಿಯ ಮನೆಯಲ್ಲಿ ಮೊರದ ಸದ್ದಾದರೆ ಈಗಲೂ ಎದೆ ಝಲ್ಲೆನ್ನುತ್ತದೆ. ಅಷ್ಟರಲ್ಲಿ ಚಿಕ್ಕಪ್ಪನ ಕಿವಿ ಕಣ್ಣಿಗೆ ಬಿದ್ದು ನಗು ಬರುತ್ತದೆ.