ಮೊಸಳೆಮೂತಿಗಳ ಮೀನಕ್ಕ

ಬಣ್ಣದ ಮೀನು ಮಾರುವ ಮೀನಕ್ಕ ಗಿರಾಕಿಗಳನ್ನು ಹೆಣ್ಣು ಕೊಡುವವರಂತೆ ವಿಚಾರಿಸುತ್ತಾಳೆ: ಮನೆ ಎಷ್ಟು ದೊಡ್ಡದು, ತೊಟ್ಟಿ ಎಷ್ಟು ಉದ್ದ, ನೀವು ಊರಿಗೆ ಹೋದರೆ ನೋಡಿಕೊಳ್ಳುವವರು ಯಾರು. ಯಾರಾದರೂ ಮೊಸಳೆಮೂತಿ ಮೀನಿನ ಮರಿ ಕೇಳಿದರೋ, ಮುಗಿಯಿತು. “ಅದನ್ನ ನಾನು ಮಾರಲ್ಲ. ಇವತ್ತು ಬೆರಳುದ್ದ, ನಾಳೆ ತೋಳುದ್ದ. ಜೊತೇಲಿರೋ ಮೀನನ್ನೆಲ್ಲ ನುಂಗಿ, ಆಮೇಲೆ ನಿಮ್ಮ ಮುಖ ನೋಡುತ್ತೆ” ಎನ್ನುತ್ತಾಳೆ. ಬೇರೆ ಅಂಗಡಿಯಲ್ಲಿ ಕೊಂಡು ಸಾಕಲಾಗದವರು ಅದನ್ನು ಬಕೆಟ್ಟಿನಲ್ಲಿ ತಂದರೆ ಮಾತ್ರ ತುಟಿಪಿಟಕ್ಕೆನ್ನದೆ ಇಟ್ಟುಕೊಳ್ಳುತ್ತಾಳೆ. ಅಂಗಡಿಯ ಮುಕ್ಕಾಲು ಭಾಗ ಈಗ ಈ ನೆಂಟರದೇ. ಅವಳು ಊಟ ಮಾಡುವುದೂ ಒಂದು ತೊಟ್ಟಿಯ ಮುಚ್ಚಳದ ಮೇಲೆ. “ಬೇಡ ಬಿಡಿ, ಕೆರೆಗೆ ಬಿಡ್ತೀನಿ” ಎಂದವರನ್ನು ಉಗಿದು ಉಪ್ಪಿನಕಾಯಿ ಹಾಕುತ್ತಾಳೆ. ಹಾಗೆ ಯಾರೋ ಬಿಟ್ಟ ಮೀನುಗಳೇ ಕೆರೆಯ ಸಣ್ಣ ಮೀನುಗಳನ್ನೆಲ್ಲ ತಿಂದು ಮುಗಿಸಿದವು; ಅಲ್ಲೇ ಬಲೆ ಬೀಸಿ ಬದುಕುತ್ತಿದ್ದ ಅವಳ ಗಂಡ ಬಲೆ ಮಡಚಿಟ್ಟ. ಈಗ ಅಂಗಡಿಯ ಹಿಂದೆ ಕೂತು ಮೊಸಳೆಮೂತಿಗಳಿಗೆ ಮಾಂಸ ಹೆಚ್ಚಿ ಹಾಕುವವನು ಅವನೇ. “ಇವಕ್ಕೆ ತಿನ್ನಿಸೋಕೆ ಹೇಗೆ ಮನಸ್ಸು ಬರುತ್ತೆ ರೀ ನಿಮಗೆ?” ಎಂದು ಅವಳು ಕೇಳಿದರೆ, “ಅವೇನು ತಾವಾಗಿ ಕೆರೆಗೆ ಬಂದ್ವಾ? ಹಸಿದಿದ್ವು, ತಿಂದ್ವು” ಎಂದು ಇನ್ನೊಂದು ತುಂಡು ಹಾಕುತ್ತಾನೆ. ಮೀನಕ್ಕ ಪಕ್ಕದ ತೊಟ್ಟಿಯ ಮುಚ್ಚಳ ಎತ್ತಿ ಹಿಡಿಯುತ್ತಾಳೆ.