ಅಮ್ಮ ಮಾಡದ ವಿಡಿಯೊ ಕಾಲ್

ನನ್ನ ಚಿಕ್ಕಮ್ಮನಿಗೆ ಹುಟ್ಟಿನಿಂದಲೇ ಕಿವಿ ಕೇಳಿಸದು, ಮಾತೂ ಬರದು. ಅವಳಿರುವುದು ವೈ.ಎನ್.ಹೊಸಕೋಟೆಯಲ್ಲಿ, ನಾನು ಮತ್ತು ಅಮ್ಮ ಹೊಳವನಹಳ್ಳಿಯಲ್ಲಿ. ಅಕ್ಕತಂಗಿಯರು ಚಿಕ್ಕಂದಿನಲ್ಲಿ ತಾವೇ ಕಟ್ಟಿಕೊಂಡ ಕೈಸನ್ನೆಯಲ್ಲಿ ಮಾತಾಡುತ್ತಾರೆ. ವಿಡಿಯೊ ಕಾಲ್ ಬಂದಮೇಲೆ ಅಮ್ಮನ ಸಂಜೆಗಳೇ ಬದಲಾದವು. ಫೋನನ್ನು ಅಕ್ಕಿ ಡಬ್ಬಕ್ಕೆ ಒರಗಿಸಿ, ಅವರೆಕಾಯಿ ಸುಲಿಯುತ್ತ, ನಡುನಡುವೆ ಕೈ ಒರೆಸಿಕೊಂಡು ತಂಗಿಯೊಡನೆ ಹರಟುತ್ತಿದ್ದಳು.

ಒಂದು ದಿನ ಆ ವಿಡಿಯೊ ಕಾಲಿನ ಆ್ಯಪ್ ತೆರೆಯಲೇ ಇಲ್ಲ. ಫೋನು ಹಳೆಯದಾಯಿತು, ಇದರಲ್ಲಿ ಇನ್ನು ನಡೆಯುವುದಿಲ್ಲ ಎಂಬ ಸೂಚನೆ ಬಂತು. ಹೊಸ ಫೋನು ತರೋಣ ಎಂದೆ. ಅಮ್ಮನಿಗೆ ಅಷ್ಟು ತಾಳ್ಮೆಯಿರಲಿಲ್ಲ. ಯಾವುದೋ ವಿಡಿಯೊ ನೋಡಿ, ಅದರ ಕೆಳಗಿದ್ದ ಲಿಂಕ್ ಒತ್ತಿ, ಹಳೆಯ ಆಂಡ್ರಾಯ್ಡಿಗೂ ಹೊಂದುವುದೆಂಬ, ಅದೇ ಆ್ಯಪಿನ ಎಪಿಕೆ ಫೈಲನ್ನು ಇಳಿಸಿಕೊಂಡೇಬಿಟ್ಟಳು. ಗೊತ್ತಿಲ್ಲದ ಕಡೆಯಿಂದ ಬಂದದ್ದು, ಅಪಾಯವಾಗಬಹುದು ಎಂದು ಫೋನೇ ಎಚ್ಚರಿಸಿತು. ನಾನು ಅದನ್ನು ಗಟ್ಟಿಯಾಗಿ ಓದಿದೆ.

"ಅಮ್ಮ, ಇದು ಕ್ಯಾಮೆರಾ, ಮೈಕು, ಮೆಸೇಜು ಎಲ್ಲಾನೂ ಕೇಳ್ತೈತೆ."

"ಕ್ಯಾಮೆರಾ ಇಲ್ದೆ ಅವಳ ಮಕ ಹೆಂಗೆ ಕಾಣ್ತೈತೆ? ಎಲ್ಲಕ್ಕೂ ಹೂಂ ಅಂದ್ಬುಡ್ತೀನಿ, ಸುಮ್ಕಿರು ಕಣಮ್ಮ."

ಅಂದು ಸಂಜೆ ಚಿಕ್ಕಮ್ಮನ ಮುಖ ಮತ್ತೆ ಕಾಣಿಸಿತು. ಇಬ್ಬರೂ ಕಣ್ಣೊರೆಸಿಕೊಂಡರು.

ಆಮೇಲೆ ಫೋನು ಸುಮ್ಮನೆ ಇಟ್ಟಲ್ಲೇ ಬಿಸಿಯಾಗತೊಡಗಿತು. ಚಾರ್ಜು ನಿಲ್ಲುತ್ತಿರಲಿಲ್ಲ. ಒಂದು ಮಧ್ಯಾಹ್ನ, ಮಲಗಿದ್ದ ಅಮ್ಮನ ಎದುರಿನಿಂದ ಅದನ್ನು ಎತ್ತಿಕೊಂಡಾಗ ಪರದೆ ಕಪ್ಪಗಿತ್ತು, ಆದರೂ ಅಂಗೈ ಸುಟ್ಟಿತು. "ಹಳೇದಲ್ವಾ, ಇನ್ನೇನು" ಎಂದಳು ಅಮ್ಮ, ಎದ್ದಮೇಲೆ ಹೇಳಿದಾಗ.

ಕೆಲವು ದಿನ ಕಳೆದು, ಕತ್ತಲಾದ ಮೇಲೆ ಯಾರೋ ದಬದಬನೆ ಬಾಗಿಲು ಬಡಿದರು. ನೋಡಿದರೆ ಚಿಕ್ಕಮ್ಮ. ಕೈಯಲ್ಲಿ ಫೋನು ಬಿಟ್ಟರೆ ಚೀಲವಿಲ್ಲ, ಏನಿಲ್ಲ. ಪಾವಗಡ, ಮಧುಗಿರಿ ಎಂದು ಬಸ್ಸು ಬದಲಿಸುತ್ತ ಬಂದಿದ್ದಳು. ಒಲೆಯ ಮುಂದಿದ್ದ ಅಮ್ಮನನ್ನು ಕಂಡವಳೇ ಓಡಿಹೋಗಿ ಕೆನ್ನೆ, ಕುತ್ತಿಗೆ ಎಲ್ಲ ಮುಟ್ಟಿ ನೋಡಿದಳು. ಆಮೇಲೆ ಅಕ್ಕನ ಭುಜಕ್ಕೆ ಹೊಡೆದು ಅತ್ತಳು. ಸನ್ನೆಗೆ ಕೈ ಹತೋಟಿಗೆ ಬರಲು ಬಹಳ ಹೊತ್ತು ಹಿಡಿಯಿತು. ಅವಳ ಸನ್ನೆಯನ್ನು ಅಮ್ಮ ನನಗೆ ಹೇಳುತ್ತ ಹೋದಳು.

"ಮಧ್ಯಾಹ್ನ ನಾನೇ ಕಾಲ್ ಮಾಡಿದ್ನಂತೆ. ನೋಡಿದ್ರೆ ನೆಲದ ಮೇಲೆ ಬಿದ್ದಿದ್ನಂತೆ. ಎಷ್ಟು ಕೈ ಬೀಸಿದ್ರೂ ಏಳ್ಲಿಲ್ವಂತೆ. ತಿರುಗಿ ಮಾಡಿದ್ರೆ ಕಾಲ್ ಹೋಗ್ಲೇ ಇಲ್ವಂತೆ."

"ಮಾಡಿದ್ಯಾ?"

"ಇಲ್ಲ ಕಣೇ! ಉಂಡು ಮಲಗಿದ್ದೆ."

ಅಮ್ಮನ ಫೋನಿನಲ್ಲಿ ಅಂಥ ಕಾಲ್‌ನ ಗುರುತೇ ಇರಲಿಲ್ಲ. ಚಿಕ್ಕಮ್ಮನ ಫೋನಿನಲ್ಲಿ ಇತ್ತು. ಹಿಂದಿನ ದಿನಗಳಲ್ಲೂ ಬಂದಿದ್ದವು. ನಮ್ಮ ಸೂರು ಮಾತ್ರ ಕಂಡದ್ದರಿಂದ, ಕೈತಪ್ಪಿ ಒತ್ತಿರಬೇಕೆಂದು ಅವಳು ಕಟ್ ಮಾಡಿದ್ದಳು. ಆ್ಯಪನ್ನು ತೆಗೆಯಲು ಹೋದರೆ ಹಿಂದಿನ ಸಂಜೆಯವರೆಗೂ ಇದ್ದ ಅದರ ಐಕಾನೇ ಪರದೆಯಿಂದ ಮಾಯವಾಗಿತ್ತು. ಸೆಟ್ಟಿಂಗ್ಸಿನಲ್ಲಿ ಹುಡುಕಿ ಹಿಡಿದರೂ ಅಳಿಸುವ ಬಟನ್ ಒತ್ತಲಾಗಲಿಲ್ಲ. ಫೋನು ಆಫ್ ಮಾಡಿ, ಬ್ಯಾಟರಿ ಕಿತ್ತಿಟ್ಟೆ.

ಮರುದಿನ ಮೂವರೂ ಕೊರಟಗೆರೆಯ ಮೊಬೈಲ್ ಅಂಗಡಿಗೆ ಹೋದೆವು.

"ಫೋನಿನ ಯಜಮಾನಿಕೆನೇ ಆ ಆ್ಯಪಿಗೆ ಕೊಟ್ಬುಟ್ಟಿದ್ದೀರ. ಎಲ್ಲಾ ಅಳಿಸ್ಬೇಕು, ಫೋಟೋನೂ ಹೋಯ್ತವೆ" ಎಂದ ಅಂಗಡಿಯವನು.

"ಚಿಕ್ಕಮ್ಮ ನೋಡಿದ್ದು ಸರಿ. ಬೇರೆ ಯಾರು ನೋಡಿದ್ರು?" ಎಂದೆ ನಾನು.

"ಅದನ್ನ ಹೆಂಗೆ ಹೇಳದು ಮೇಡಂ?"

ಅಲ್ಲೇ ಬೇರೊಂದು ಫೋನು ಕೊಂಡೆವು. ಚಿಕ್ಕಮ್ಮ ಊರಿಗೆ ಮರಳಿದಳು, ಸಂಜೆಯ ಹರಟೆ ಮತ್ತೆ ಶುರುವಾಯಿತು. ಆದರೆ ಅಮ್ಮ ಈಗ ಮಧ್ಯಾಹ್ನ ಮಲಗುವುದಿಲ್ಲ. ಕಣ್ಣು ಎಳೆದರೂ ಗೋಡೆಗೆ ಒರಗಿ, ಫೋನಿನತ್ತ ನೋಡುತ್ತ ಕೂತಿರುತ್ತಾಳೆ.