ಹುಲಗಪ್ಪ ಕಂದು ಗಾಜು ಹಾಕಲಿಲ್ಲ

ರಂಗಂಪೇಟೆಯ ಹುಲಗಪ್ಪ ಸಿನಿಮಾ ಕ್ಯಾಮೆರಾ ಹಿಡಿಯುವ ಮೊದಲು ಅದನ್ನು ಬಹುಕಾಲ ಹೊತ್ತವನು. ಸುರಪುರದ ರಾಜಾಸಾಬರ ಸ್ಟುಡಿಯೋದಲ್ಲಿ ಮದುಮಕ್ಕಳ ಮೋರೆಗೆ ಬೆಳಕು ಬೀಳಿಸುವುದನ್ನು ಕಲಿತು ಬೆಂಗಳೂರಿಗೆ ಹೋದ. ಅಲ್ಲಿ ಪೆಟ್ಟಿಗೆ ಹೊರಲು ಹೇಳಿದರು, ಹೊತ್ತ. ಆಮೇಲೆ ಲೆನ್ಸ್ ಒರೆಸಿದ, ಫೋಕಸ್ ತಿರುವಿದ, ದೊಡ್ಡವರಿಗೆ ತೂಕಡಿಕೆ ಬಂದಾಗ ಅವರ ಶಾಟನ್ನೂ ತೆಗೆದ. ತಲೆ ಅರ್ಧ ಬೋಳಾದ ಮೇಲೆ, ತೊಂಬತ್ತರ ದಶಕದ ಒಂದು ಮಳೆಗಾಲದಲ್ಲಿ, ಅವನ ಹೆಸರು ಪರದೆಯ ಮೇಲೆ ಬರಬೇಕಾದ ಮೊದಲ ಚಿತ್ರ ಸಿಕ್ಕಿತು.

ನೀರೇ ಕಾಣದ ಊರಿನ ಕಥೆ ಅದು. ನಿರ್ದೇಶಕರು ಬೇಸಿಗೆಯಲ್ಲೇ ಬಂದು ಹುಣಸಗಿ ಹತ್ತಿರ ಬಿರುಕು ಬಿಟ್ಟ ಕರಿನೆಲವೊಂದನ್ನು ಆರಿಸಿ ಹೋಗಿದ್ದರು. ಅದು ಕಾಲುವೆ ಬಂದ್ ಇರುವ ಕಾಲವೆಂದು ಅವರಿಗೆ ತಿಳಿಯದು. ಹೊಲದೊಡತಿ ಬಾಲಮ್ಮ ಹೇಳಲಿಲ್ಲ. ಇಂಥದ್ದನ್ನೂ ಬಾಯಿಬಿಟ್ಟು ಹೇಳಬೇಕೆಂದು ಆ ಸೀಮೆಯಲ್ಲಿ ಯಾರಿಗೂ ಹೊಳೆಯುವುದಿಲ್ಲ.

ಬಾಲಮ್ಮ ಹುಲಗಪ್ಪನ ಚಿಗವ್ವ, ಅಂದರೆ ಚಿಕ್ಕಮ್ಮ. ಶೂಟಿಂಗಿನ ಬೆಳಿಗ್ಗೆ ಬದುವಿನ ಮೇಲೆ ಕೂತು ಕೇಳಿದಳು.

"ಆ ಹುಡುಗಿ ಖಾಲಿ ಕೊಡ ಹಿಡಕೊಂಡು ಯಾಕ ಅಳಾಕತ್ಯಾಳೋ?"

"ನಿನ್ನ ಹೊಲಕ್ಕ ಎಂದೂ ನೀರ ಬಂದಿಲ್ಲಂತ, ಚಿಗವ್ವ."

"ಹಂಗಾರ ಹೋದ ವರ್ಷ ನೀ ಹೊತಗೊಂಡು ಹೋದ ಅಕ್ಕಿ ಎಲ್ಲಿ ಬೆಳದಿತ್ತಲೇ? ಮಧ್ಯಾಹ್ನಕ್ಕ ನಂದು ನೀರಿನ ಪಾಳಿ ಅದ. ಸಸಿ ಕಿತ್ತಿಟ್ಟೀನಿ. ಹೇಳು ಅವಂಗ."

ಹುಲಗಪ್ಪ ಹೇಳಿದ. ನಿರ್ದೇಶಕರು ನಕ್ಕರು. "ಸರ್ಕಾರದ ಕಾಲುವೆ ಕಣ್ರೀ, ಹೇಳಿದ ಹೊತ್ತಿಗೆ ಬರುತ್ತಾ? ಹಿಂದಿನ ಗದ್ದೆಗಳು ಹಸಿರು ಕಾಣ್ತಿವೆ. ಕಂದು ಗಾಜು ಹಾಕಿ."

ಲೆನ್ಸಿನ ಮುಂದೆ ಆ ಗಾಜು ಸಿಕ್ಕಿಸಿದರೆ ಎಂಥ ಹಸಿರೂ ಧೂಳಾಗುತ್ತದೆ.

"ಹಾಕಂಗಿಲ್ರಿ. ಇದು ನಮ್ಮ ಚಿಗವ್ವನ ಹೊಲ."

"ಈ ಕಡೆಯ ಕಥೆ ಅಂದ್ರೆ ಜನ ಧೂಳು ನೋಡೋಕೇ ಬರೋದು. ಗಾಜು ಹಾಕದಿದ್ರೆ ನಿಮ್ಮ ಹೆಸರೂ ಹಾಕಲ್ಲ."

ಹುಲಗಪ್ಪನ ಕಣ್ಣ ಮುಂದೆ ಸುರಪುರದ ಟಾಕೀಸು, ಪರದೆ ತುಂಬ ತನ್ನ ಹೆಸರು, ಮುಂದಿನ ಸಾಲಿನಲ್ಲಿ ಕನ್ನಡಕ ಒರೆಸಿಕೊಳ್ಳುವ ರಾಜಾಸಾಬರು, ಎಲ್ಲ ಹಾದು ಹೋದವು. ಅವುಗಳ ಹಿಂದೆಯೇ, ಧೂಳಾದ ಚಿಗವ್ವನ ಗದ್ದೆಯೂ ಬಂತು. ಅವನು ಕೊರಳಲ್ಲಿ ತಾಯತದಂತೆ ನೇತಾಡುತ್ತಿದ್ದ, ಬೆಳಕು ಅಳೆಯುವ ಲೈಟ್ ಮೀಟರನ್ನು ಗದೆಯಂತೆ ಮೇಲೆತ್ತಿದ.

"ಬೆಳಕು ಬಂದಿಲ್ರಿ."

ಶೂಟಿಂಗಿನಲ್ಲಿ ನಿರ್ದೇಶಕನೇ ಚಕ್ರವರ್ತಿ, ನಿಜ. ಆದರೆ ಕ್ಯಾಮೆರಾಮನ್ ಬೆಳಕು ಬಂತು ಎನ್ನುವ ತನಕ ಚಕ್ರವರ್ತಿಯೂ ಕುರ್ಚಿಯಲ್ಲಿ ಕೂತು ಚಹಾ ಕುಡಿಯಬೇಕು. ಆ ದಿನ ಮೋಡಗಳೂ ನಮ್ಮ ವೀರನ ಪಕ್ಷ ಸೇರಿದ್ದವು. ಒಂದು ಮೋಡ ಸರಿದರೆ ಇನ್ನೊಂದನ್ನು ತೋರಿಸಿದ. ಮೋಡ ಮುಗಿದಾಗ ಬಿಸಿಲು ಹೆಚ್ಚಾಯಿತೆಂದ. ನಾಯಕಿಯ ಕಣ್ಣೀರು ಒಣಗಿತು. ಅವಳ ಖಾಲಿ ಕೊಡದಲ್ಲಿ ಯಾರೋ ತಿನ್ನಲು ಮಿರ್ಚಿ ಭಜಿ ತಂದರು.

ಊಟದ ಹೊತ್ತಿಗೆ ಹೊಲಗಾಲುವೆಯಲ್ಲಿ ಬುಳುಬುಳು ಸದ್ದಾಯಿತು. ಬಾಲಮ್ಮ ಸಲಿಕೆಯಿಂದ ಒಡ್ಡು ಕಡಿದಳು. ನೀರು ಕೆಂಪಗೆ ನುಗ್ಗಿ ಬಿರುಕುಗಳನ್ನು ಒಂದೊಂದಾಗಿ ನುಂಗುತ್ತ ನಿರ್ದೇಶಕರ ಬೂಟಿನವರೆಗೆ ಬಂತು.

"ಬೇಕಂತಲೇ ತಡ ಮಾಡಿದ್ರಾ?"

"ಹೌದ್ರಿ. ಈಗ ಬೆಳಕು ಬಂತು." ಹುಲಗಪ್ಪ ಕ್ಯಾಮೆರಾ ಚಾಲೂ ಮಾಡಿ, ಯಾರೂ ಕೇಳದ ಒಂದು ಶಾಟ್ ತೆಗೆದ: ತುಂಬುತ್ತಿರುವ ಗದ್ದೆ, ಅದರೊಳಗೆ ಸೀರೆ ಎತ್ತಿ ಕಟ್ಟಿದ ಚಿಗವ್ವ.

"ನಿಮ್ಮ ಹೆಸರು ಬರಲ್ಲ."

"ಬ್ಯಾಡ ಬಿಡ್ರಿ." ಅವನು ಕಂದು ಗಾಜನ್ನು ಅವರ ಕೈಗಿತ್ತ. "ಇದನ್ನ ನಿಮ್ಮ ಕಣ್ಣಿಗೇ ಹಾಕ್ಕೋರಿ. ಗದ್ದಿ ಎಲ್ಲಾ ಧೂಳೇ ಕಾಣ್ತದ."

ಲಾರಿಗಳು ಹೋದವು. ಚಿತ್ರ ಬೇರೆಲ್ಲೋ ಮುಗಿದು, ಬೇರೊಬ್ಬನ ಹೆಸರಿನಲ್ಲಿ ಬಂತು. ಹುಲಗಪ್ಪ ಮುಂದೆ ಬೇರೆ ಚಿತ್ರಗಳನ್ನು ತೆಗೆದ, ಹೆಸರೂ ಬಂತು. ಕೆಲಸಕ್ಕೆ ಕರೆಯಲು ಬಂದವರು ಗಾಜಿನ ಮಾತನ್ನು ಮೊದಲೇ ತೀರ್ಮಾನಿಸಿಕೊಳ್ಳಬೇಕಾಗುತ್ತಿತ್ತು. ಆ ಮಧ್ಯಾಹ್ನ ಮಾತ್ರ ಅವನು ಕೆಲಸವಿಲ್ಲದೆ ಬದುವಿನ ಮೇಲೆ ನಿಂತಿದ್ದ.

"ಬೆಳಕು ಬಂದದ ಅಂದಿಯಲ್ಲ," ಎಂದು ಚಿಗವ್ವ ಸಸಿಯ ಕಟ್ಟೊಂದನ್ನು ಅವನತ್ತ ಎಸೆದಳು. "ಹಂಗಾರ ಪ್ಯಾಂಟ್ ಮ್ಯಾಲ ಏರಿಸಿ ಇಳಿ."

ಅವನು ಇಳಿದ.